ಎಡಗಡೆಯ ಗಾಡಿಗಳು

ನಮ್ಮಣ್ಣನ ಡ್ರೈವರ್ ಕೆಲಸ ಹೋದದ್ದು ಕಂಪ್ಯೂಟರಿನಲ್ಲಿ ಆಡುವ ಒಂದು ಕಾರ್ ರೇಸಿನ ಆಟದಿಂದ. ಹೇಳಿದರೆ ಜನ ನಗುತ್ತಾರೆಂದು ನಾನು ಯಾರಿಗೂ ಹೇಳುವುದಿಲ್ಲ. ಕೇಳಿದವರಿಗೆಲ್ಲ ಕಣ್ಣಿನ ತೊಂದರೆ ಎಂದು ಹೇಳಿ ಮಾತು ಮುಗಿಸಿಬಿಡುತ್ತೇನೆ. ಅದೂ ಪೂರ್ತಿ ನಿಜವಲ್ಲ. ಅವನ ಕಣ್ಣುಗಳಲ್ಲಿ ಯಾವ ತೊಂದರೆಯೂ ಇರಲಿಲ್ಲ.

ತೊಂಬತ್ತರ ದಶಕದ ನಡುವಿನ ಮಾತು. ರಾಬರ್ಟ್‌ಸನ್‌ಪೇಟೆಯಲ್ಲಿ, ಬಸ್ ಸ್ಟಾಂಡಿನಿಂದ ಕೂಗಳತೆಯ ದೂರದಲ್ಲಿ, ಒಂದು ಬಟ್ಟೆ ಅಂಗಡಿಯ ಮಹಡಿಯ ಮೇಲೆ ಕಂಪ್ಯೂಟರ್ ಸೆಂಟರ್ ಇತ್ತು. ನಾನು ಅಲ್ಲಿ ಮೇಷ್ಟ್ರು. ಗೋಡೆಗೆ ಸಾಲಾಗಿ ಜೋಡಿಸಿದ ಕಂಪ್ಯೂಟರುಗಳಲ್ಲಿ ಒಂದಕ್ಕೆ ಮಾತ್ರ ಬಣ್ಣದ ಪರದೆ. ಚಿನ್ನದ ಗಣಿ ಮುಚ್ಚುತ್ತದಂತೆ ಎಂಬ ಸುದ್ದಿ ಆಗ ಬೆಳಗಿನ ಹಾಲಿನ ಜೊತೆಗೇ ಮನೆಮನೆಗೆ ಬರುತ್ತಿತ್ತು. ಮಕ್ಕಳಿಗೆ ಕಂಪ್ಯೂಟರ್ ಬಂದರೆ ಹೇಗೋ ಬದುಕಿಕೊಳ್ಳುತ್ತವೆ ಎಂದು ಗಣಿ ಕ್ವಾರ್ಟರ್ಸಿನವರೂ ಫ್ಯಾಕ್ಟರಿ ಕಾಲನಿಯವರೂ ಅವರನ್ನು ನಮ್ಮ ಮೆಟ್ಟಿಲು ಹತ್ತಿಸುತ್ತಿದ್ದರು. ನಾನು ಕಲಿಸುತ್ತಿದ್ದುದು ನನಗೇ ಅರ್ಧಂಬರ್ಧ ಗೊತ್ತಿದ್ದ ವಿದ್ಯೆ. ಆದರೂ ಗತ್ತಿಗೇನೂ ಕಡಿಮೆ ಇರಲಿಲ್ಲ. ಪ್ರಶ್ನೆ ಕೇಳಿದ ಹುಡುಗರ ಮೇಲೆ ಹರಿಹಾಯುತ್ತಿದ್ದೆ.

ಅಣ್ಣ ನನಗಿಂತ ತುಂಬಾ ದೊಡ್ಡವನು. ಬೇತಮಂಗಲದಿಂದ ರಾಬರ್ಟ್‌ಸನ್‌ಪೇಟೆಯ ಮೇಲೆ ಬಂಗಾರಪೇಟೆಗೆ ಹೋಗುವ ಒಂದು ಪ್ರೈವೇಟ್ ಬಸ್ಸಿನ ಡ್ರೈವರ್. ನಮ್ಮದು ಬಂಗಾರಪೇಟೆಯ ಪಕ್ಕದ ಹಳ್ಳಿ. ಅಪ್ಪ ತೀರಿಕೊಂಡ ಮೇಲೆ ಮನೆಯನ್ನು ನಡೆಸಿದ್ದು, ನನ್ನನ್ನು ಓದಿಸಿದ್ದು ಆ ಬಸ್ಸಿನ ಸ್ಟೇರಿಂಗೇ. ಊರಿನಲ್ಲಿ ಯಾರೂ ಅವನನ್ನು ಹೆಸರು ಹಿಡಿದು ಕರೆಯುತ್ತಿರಲಿಲ್ಲ. ಅವನು ಡ್ರೈವರ್, ಅತ್ತಿಗೆ ಡ್ರೈವರ್ ಹೆಂಡ್ತಿ, ಡಿಗ್ರಿ ಮುಗಿಸಿದ್ದರೂ ನಾನು ಡ್ರೈವರ್ ತಮ್ಮ. ಅವನಿಗೆ ಬೇರೆ ಆಸೆಗಳಿರಲಿಲ್ಲ. ಹಬ್ಬದ ದಿನ ಬಸ್ಸು ನಿಂತರೆ ಅದರ ಪಕ್ಕದಲ್ಲೇ ಹೋಗಿ ಕೂತಿರುತ್ತಿದ್ದ.

ಆ ಬಸ್ಸಿನ ಕ್ಲೀನರ್ ಒಬ್ಬ ವಯಸ್ಸಾದ ಮನುಷ್ಯ. ಎಲ್ಲರೂ ಅವರನ್ನು ಮಾಮ ಎನ್ನುತ್ತಿದ್ದರು. ಮನೆಮಾತು ತಮಿಳು. ಗಣಿಯಲ್ಲಿ ದುಡಿದು, ರಿಟೈರ್ ಆದ ಮೇಲೆ ಮನೆಯಲ್ಲಿ ಕೂರಲಾರದೆ ಬಸ್ಸಿಗೆ ಬಂದವರು. ನಮ್ಮ ಕಡೆಯ ಬಸ್ಸುಗಳಲ್ಲಿ ಎಡಗಡೆಯನ್ನು ನೋಡಿಕೊಳ್ಳುವುದು ಕ್ಲೀನರ್ ಕೆಲಸ. ಬಾಗಿಲ ಮೆಟ್ಟಿಲ ಮೇಲೆ ನಿಂತು ತಗಡಿಗೆ ಒಂದೇಟು ಹಾಕಿದರೆ ನಿಲ್ಲಿಸು, ಎರಡು ಹಾಕಿದರೆ ಹೋಗು, ಬಿಡದೆ ಬಡಿದರೆ ಏನೋ ತೀರಾ ಹತ್ತಿರದಲ್ಲಿದೆ. ಮಾಮನ ಅಂಗೈ ಬಡಿದು ಬಡಿದು ಎತ್ತಿನ ಗೊರಸಿನ ಹಾಗಾಗಿತ್ತು.

ಮಧ್ಯಾಹ್ನದ ಹೊತ್ತು ಬಸ್ಸು ರಾಬರ್ಟ್‌ಸನ್‌ಪೇಟೆ ಸ್ಟಾಂಡಿನಲ್ಲಿ ನಿಲ್ಲುತ್ತಿತ್ತು. ಮಾಮ ಸೀಟಿನ ಮೇಲೆ ಉದ್ದಕ್ಕೆ ಮಲಗುತ್ತಿದ್ದರು. ಅಣ್ಣ ಊಟದ ಕ್ಯಾರಿಯರ್ ಹಿಡಿದು ನಮ್ಮ ಸೆಂಟರಿಗೆ ಬರುತ್ತಿದ್ದ, ಇಬ್ಬರೂ ಒಟ್ಟಿಗೆ ಉಣ್ಣುತ್ತಿದ್ದೆವು. ಆ ಹೊತ್ತಿಗೆ ಕ್ಲಾಸು ಇರುತ್ತಿರಲಿಲ್ಲ. ಹುಡುಗರು ಬಣ್ಣದ ಪರದೆಯ ಮುಂದೆ ಗುಂಪುಗೂಡಿ ಕಾರ್ ರೇಸಿನ ಆಟ ಆಡುತ್ತಿದ್ದರು. ಒಂದು ದಿನ ಅಣ್ಣ ಕೈ ತೊಳೆದುಕೊಂಡು ಬಂದು ಅವರ ಹಿಂದೆ ನಿಂತ.

"ಸ್ಟೇರಿಂಗ್ ಇಲ್ಲ, ಗೇರ್ ಇಲ್ಲ. ಇದೆಂತಾ ಗಾಡೀಲಾ?" ಎಂದ.

"ಕುಂತ್ಕೊಂಡು ನೋಡಣ್ಣ. ಈ ಕೀಲಿ ಒತ್ತಿದ್ರೆ ಎಡಕ್ಕೆ, ಇದು ಬಲಕ್ಕೆ, ಇದು ಬ್ರೇಕು," ಎಂದೆ.

ಕೂತ. ಕೂತವನು ಮೊದಲ ತಿರುವಿನಲ್ಲೇ ಪಕ್ಕದ ಕಾರಿಗೆ ಗುದ್ದಿದ. ಹುಡುಗರು ನಕ್ಕರು. ಅವನೂ ನಕ್ಕ. ಮರುದಿನ ಮತ್ತೆ ಕೂತ, ಮತ್ತೆ ಗುದ್ದಿದ. ವಾರ ಕಳೆಯುವಷ್ಟರಲ್ಲಿ ಹುಡುಗರ ನಗುವಿನಲ್ಲಿ ಬೇರೆಯೇ ಒಂದು ರುಚಿ ಸೇರಿತ್ತು. ಬಸ್ ಡ್ರೈವರಂತೆ, ಆಟದ ಕಾರೂ ಓಡಿಸೋಕೆ ಬರಲ್ಲವಂತೆ. ನನಗೆ ಮೈಯುರಿಯುತ್ತಿತ್ತು. ಅಣ್ಣ ಕ್ಯಾರಿಯರ್ ಎತ್ತಿಕೊಂಡು ಮೆಟ್ಟಿಲಿಳಿಯುತ್ತಿದ್ದ.

ಆ ಆಟದಲ್ಲಿ ಗುದ್ದಿದಾಗಲೆಲ್ಲ ಕಾರಿಗೆ ಆದ ಪೆಟ್ಟಿನ ಲೆಕ್ಕ ಏರುತ್ತದೆ. ಲೆಕ್ಕ ತುಂಬಿತೋ, ಕಾರು ಕಿತ್ತುಕೊಂಡು ಮತ್ತೆ ಮೊದಲಿನ ಸಣ್ಣ ರೇಸಿಗೆ ತಳ್ಳುತ್ತದೆ. ಅಣ್ಣ ಅಲ್ಲೇ ಕೊಳೆಯುತ್ತಿದ್ದ. ಇದನ್ನು ನಾನೇ ಸರಿಮಾಡುತ್ತೇನೆ ಎಂದುಕೊಂಡೆ. ಆಟ ನಿಲ್ಲಿಸಿದಾಗ ಆಡಿದವನ ಹೆಸರು, ಅವನ ಕಾರು, ಗೆದ್ದ ರೇಸುಗಳು, ಪೆಟ್ಟಿನ ಲೆಕ್ಕ ಎಲ್ಲವೂ ಒಂದು ಚಿಕ್ಕ ಫೈಲಿನಲ್ಲಿ ಉಳಿಯುತ್ತವೆ. ಆ ಫೈಲನ್ನು ತೆರೆದು ತಿದ್ದುವ ಒಂದು ಪ್ರೋಗ್ರಾಮ್ ನನ್ನ ಹತ್ತಿರ ಇತ್ತು. ತೆರೆದರೆ ಕಾಣುವುದು ಬರೀ ಅಂಕಿಗಳ ಸಾಲು. ಅಣ್ಣನಿಂದ ಒಂದು ಸಲ ಗುದ್ದಿಸಿ, ಮೊದಲಿನ ಫೈಲಿಗೂ ಆಮೇಲಿನದಕ್ಕೂ ಏನು ವ್ಯತ್ಯಾಸ ಎಂದು ನೋಡಿ, ಪೆಟ್ಟಿನ ಲೆಕ್ಕ ಎಲ್ಲಿದೆ ಎಂದು ಹಿಡಿದುಬಿಟ್ಟೆ. ಅಲ್ಲಿ ಸೊನ್ನೆ ಹಾಕಿ, ಮೀಸೆ ತಿರುವಿಕೊಂಡು ಆಟ ಶುರುಮಾಡಿದೆ. ಫೈಲ್ ಕೆಟ್ಟಿದೆ ಎಂದು ಹೇಳಿ ಆಟ ನನ್ನನ್ನು ಹೊರಗೆ ಹಾಕಿತು.

ಯಾಕೆಂದು ತಿಳಿಯಲು ಬಹಳ ದಿನ ಹಿಡಿಯಿತು. ಆಟ ಬರೆದವರು ನನ್ನಂಥವರನ್ನು ಮೊದಲೇ ಕಂಡಿದ್ದರು. ಫೈಲಿನ ಕೊನೆಯಲ್ಲಿ ಎರಡು ಅಂಕಿಗಳಿದ್ದವು. ಮೇಲಿನ ಅಂಕಿಗಳನ್ನೆಲ್ಲ ಕೂಡಿದರೆ ಬರುವ ಮೊತ್ತ ಅದು. ನಡುವೆ ಎಲ್ಲಾದರೂ ಕೈಯಾಡಿಸಿದರೆ ಮೊತ್ತ ತಾಳೆಯಾಗುವುದಿಲ್ಲ, ಆಟ ಹಿಡಿದುಹಾಕುತ್ತದೆ. ಸರಿ, ಮೊತ್ತವನ್ನೂ ತಿದ್ದಿದೆ. ಆಗಲೂ ಒಪ್ಪಲಿಲ್ಲ. ಬಿಡಿಯನ್ನು ಮೊದಲು, ಹತ್ತನ್ನು ಆಮೇಲೆ ಬರೆದ ಹಾಗೆ, ಆ ಮೊತ್ತದಲ್ಲಿ ಚಿಕ್ಕ ಭಾಗ ಮೊದಲು ಬರಬೇಕು, ದೊಡ್ಡ ಭಾಗ ಆಮೇಲೆ. ನಾನು ನಮ್ಮ ರೂಢಿಯಂತೆ ದೊಡ್ಡದನ್ನು ಮೊದಲು ಬರೆದಿದ್ದೆ. ಅದನ್ನು ತಿರುಗಿಸಿ ಹಾಕಿದಾಗ ಆಟ ಬಾಯಿ ಮುಚ್ಚಿಕೊಂಡು ತೆರೆಯಿತು.

ಇನ್ನೊಮ್ಮೆ ಅಣ್ಣನ ಹೆಸರಿನ ಜೊತೆ ಡ್ರೈವರ್ ಎಂದು ಸೇರಿಸಲು ಹೋದೆ. ಅವನಿಗೆ ಖುಷಿಯಾಗಲಿ ಎಂದು. ಇದ್ದ ಅಕ್ಷರಗಳ ಮೇಲೆ ಬರೆಯುವ ಬದಲು ನಡುವೆ ತುರುಕಿದ್ದರಿಂದ ಫೈಲು ಉದ್ದವಾಗಿ, ಮುಂದಿನ ಅಂಕಿಗಳೆಲ್ಲ ಅಷ್ಟಷ್ಟು ಮನೆ ಜರುಗಿದವು. ಕಾರಿನ ಜಾಗದಲ್ಲಿ ಹೆಸರಿನ ತುಣುಕು ಬಂದು ಕೂತಿತು. ಮೊತ್ತ ತಾಳೆಮಾಡಿ ಆಟ ತೆರೆದರೆ ರಸ್ತೆಯ ಮೇಲೆ ಕಾರೇ ಇಲ್ಲ, ಕೆಳಗಿನ ಕಪ್ಪು ನೆರಳೊಂದೇ ಓಡುತ್ತಿದೆ. ಅಣ್ಣ ಹೊಟ್ಟೆ ಹಿಡಿದುಕೊಂಡು ನಕ್ಕ.

"ಪರವಾಗಿಲ್ಲ ಬುಡ್ಲಾ. ಇಂಗಾದ್ರೆ ಡೀಸಲ್ ಖರ್ಚಿಲ್ಲ," ಎಂದ.

ಅವನು ಹಾಗೆ ಬಾಯ್ತುಂಬ ನಕ್ಕದ್ದನ್ನು ಆಮೇಲೆ ನಾನು ನೋಡಿಲ್ಲ.

ಅಂತೂ ಫೈಲು ಸರಿಹೋಯಿತು. ಕಾರಿಗೆ ಪೆಟ್ಟಿಲ್ಲ, ಕಾರೂ ಒಳ್ಳೆಯದು, ಮೊತ್ತ ತಾಳೆಯಾಗಿದೆ. ಅಣ್ಣ ಮಾತ್ರ ಗುದ್ದುವುದನ್ನು ಬಿಡಲಿಲ್ಲ. ಅವನದು ಒಂದೇ ದೂರು.

"ಎಡಗಡೆಯಿಂದ ಬತ್ತವೆ ಕಣ್ಲಾ. ಇರಾದಿಲ್ಲ, ಇರಾದಿಲ್ಲ, ಆಮ್ಯಾಕೆ ನೋಡುದ್ರೆ ಪಕ್ಕದಾಗೇ ಇರ್ತವೆ. ನೀನೇನೋ ತಿದ್ದಕ್ಕೋಗಿ ಕೆಡ್ಸಿದ್ದೀಯ."

ನಾನು ನಂಬಿದೆ. ಯಾಕೆ ನಂಬಬಾರದು? ಒಂದು ಕಡೆ ನನ್ನ ಅರ್ಧ ವಿದ್ಯೆ, ಇನ್ನೊಂದು ಕಡೆ ದಿನಾ ಬಸ್ಸು ತುಂಬಾ ಜನರನ್ನು ಕೂರಿಸಿಕೊಂಡು ಕ್ಷೇಮವಾಗಿ ಇಳಿಸುವ ಮನುಷ್ಯ. ತಪ್ಪು ನನ್ನದೇ ಇರಬೇಕು. ಎದುರಾಳಿ ಕಾರುಗಳು ಎಷ್ಟು ದೂರದಿಂದ ಕಾಣಬೇಕು ಎಂಬ ಲೆಕ್ಕ ಫೈಲಿನಲ್ಲಿ ಎಲ್ಲೋ ಇದೆ, ನನ್ನ ಕೈತಪ್ಪಿನಿಂದ ಎಡಗಡೆಯದು ಅಳಿಸಿಹೋಗಿದೆ ಎಂದು ತೀರ್ಮಾನಿಸಿ ಹುಡುಕಲು ಕೂತೆ. ಹಳೆಯ ಫೈಲುಗಳನ್ನೆಲ್ಲ ಅಂಗೈಯಗಲದ ಫ್ಲಾಪಿ ಡಿಸ್ಕುಗಳಿಂದ ತೆಗೆದು ಒಂದೊಂದನ್ನೇ ಹೋಲಿಸಿದೆ. ಒಂದು ಅಂಕಿ ತಿದ್ದಿದರೆ ಎದುರಾಳಿಗಳು ಬಣ್ಣ ಬದಲಿಸಿದರು. ಇನ್ನೊಂದನ್ನು ತಿದ್ದಿದರೆ ರಸ್ತೆಯೇ ಬೇರೆಯಾಯಿತು. ತಲೆ ಚಿಟ್ಟು ಹಿಡಿಯಿತು. ಅಣ್ಣ ದಿನವೂ ಕ್ಯಾರಿಯರ್ ಹಿಡಿದು ಬಂದು, "ಸರಿಯೋಯ್ತೇನ್ಲಾ?" ಎಂದು ಕೇಳುವನು. ಕೂರುವನು, ಗುದ್ದುವನು. "ಇಲ್ಲ, ಅಂಗೇ ಐತೆ."

ಒಂದು ಮಧ್ಯಾಹ್ನ ಬಸ್ಸಿನ ಟೈರು ಪಂಕ್ಚರ್ ಆಗಿ ಅಂಗಡಿಗೆ ಹೋಗಿತ್ತು. ಜಾಕ್ ಮೇಲೆ ನಿಂತ ಬಸ್ಸಿನಲ್ಲಿ ಮಲಗಲಾಗದೆ ಮಾಮ ಕೂಡ ಅಣ್ಣನ ಜೊತೆ ಮೆಟ್ಟಿಲು ಹತ್ತಿ ಬಂದರು. ಅಣ್ಣ ಆಟಕ್ಕೆ ಕೂತ. ಮಾಮ ಒಂದು ಸ್ಟೂಲ್ ಎಳೆದುಕೊಂಡು ಅವನ ಎಡಗಡೆಯಲ್ಲಿ ಕೂತರು. ಆಟ ಶುರುವಾಗಿ ಮೊದಲ ತಿರುವು ಬರುವಷ್ಟರಲ್ಲಿ ಮಾಮನ ಕೈ ತಾನಾಗಿಯೇ ಮೇಜಿಗೆ ಪಟಪಟ ಬಡಿಯಿತು. ಅಣ್ಣ ಪರದೆಯಿಂದ ಕಣ್ಣು ಕದಲಿಸದೆ ಬಲಕ್ಕೆ ಸರಿದ. ಎಡಗಡೆಯ ಕೆಂಪು ಕಾರು ಸವರಿಕೊಂಡು ಹಿಂದೆ ಉಳಿಯಿತು. ಮಾಮ ಎರಡೇಟು ಹಾಕಿದರು. ಅಣ್ಣ ವೇಗ ಕೊಟ್ಟ. ಇಡೀ ರೇಸು ಹೀಗೇ. ಇಬ್ಬರೂ ಒಂದು ಮಾತೂ ಆಡಲಿಲ್ಲ. ಅಣ್ಣ ಎಲ್ಲೂ ಗುದ್ದದೆ ಮೊದಲನೆಯವನಾಗಿ ಮುಗಿಸಿದ. ಹುಡುಗರು ಚಪ್ಪಾಳೆ ಹೊಡೆದರು.

"ಈಗ ಸರ್ಯಾಗಿ ಮಾಡಿದ್ದೀಯ ನೋಡ್ಲಾ!" ಎಂದು ಅಣ್ಣ ನನ್ನ ಬೆನ್ನು ತಟ್ಟಿದ.

ನಾನೂ ಹಿಗ್ಗಿದೆ. ಕೊನೆಗೂ ಹಿಡಿದೆನಲ್ಲ ಎಂದುಕೊಂಡೆ. ಆ ಹಿಗ್ಗು ಹೆಚ್ಚು ಹೊತ್ತು ಉಳಿಯಲಿಲ್ಲ. ನಾನು ಹಿಂದಿನ ದಿನದಿಂದ ಫೈಲನ್ನು ಮುಟ್ಟಿಯೇ ಇರಲಿಲ್ಲ.

ಮಾಮನಿಗೆ ಟೀ ತರಲು ಹೇಳಿ ಕೆಳಗೆ ಕಳಿಸಿದೆ. "ಇನ್ನೊಂದ್ಸಲ ಆಡಣ್ಣ," ಎಂದೆ. ಆಡಿದ. ಮೊದಲ ತಿರುವಿನಲ್ಲೇ ಗುದ್ದಿದ. ನಾನೇ ಆ ಫೈಲಿನಲ್ಲಿ ಆಡಿ ನೋಡಿದೆ. ಎಡಗಡೆಯ ಕಾರುಗಳು ದೂರದಿಂದಲೇ, ಚೆನ್ನಾಗಿ, ಬಲಗಡೆಯವುಗಳಷ್ಟೇ ಸ್ಪಷ್ಟವಾಗಿ ಕಾಣುತ್ತಿದ್ದವು. ಇಷ್ಟು ದಿನ ನಾನು ಒಮ್ಮೆಯೂ ಅದರಲ್ಲಿ ಒಂದು ರೇಸ್ ಪೂರ್ತಿ ಆಡಿರಲಿಲ್ಲ. ಅಂಕಿಗಳನ್ನು ನೋಡಿದ್ದೆನೇ ಹೊರತು ರಸ್ತೆಯನ್ನು ನೋಡಿರಲಿಲ್ಲ.

"ಅಣ್ಣ, ಪರದೆ ನಡುಮಧ್ಯ ನೋಡ್ತಿರು. ಕಣ್ಣು ತಿರುಗಿಸ್ಬೇಡ," ಎಂದು ಹೇಳಿ, ಅವನ ಹಿಂದೆ ನಿಂತು, ಒಂದು ಫ್ಲಾಪಿಯನ್ನು ಬಲಗಡೆಯಿಂದ ಮುಂದಕ್ಕೆ ತಂದೆ. "ಕಾಣ್ತು," ಎಂದ. ಎಡಗಡೆಯಿಂದ ತಂದೆ. ಕಿವಿಯ ಪಕ್ಕದಿಂದ ಕೆನ್ನೆಗೆ, ಕೆನ್ನೆಯಿಂದ ಮೂಗಿನ ಹತ್ತಿರಕ್ಕೆ. ಅವನು ನೋಡುತ್ತಲೇ ಕೂತಿದ್ದ. ಫ್ಲಾಪಿ ಮೂಗಿನ ನೇರಕ್ಕೆ ಬಂದಾಗ ಬೆಚ್ಚಿ ತಲೆ ಹಿಂದಕ್ಕೆಳೆದುಕೊಂಡ.

"ಏನ್ಲಾ ಅದು? ಎಲ್ಲಿಂದ ಬಂತು?" ಎಂದು ರೇಗಿದ.

ನಾನು ಕೆಳಗಿಳಿದು ಹೋದೆ. ಮಾಮ ಟೀ ಅಂಗಡಿಯ ಮುಂದೆ ಗ್ಲಾಸು ಹಿಡಿದು ನಿಂತಿದ್ದರು. ಮುಖ ನೋಡಿದೊಡನೆ ಅವರಿಗೆ ಅರ್ಥವಾಯಿತು.

"ಯಾವಾಗ್ನಿಂದ ಮಾಮ?" ಎಂದು ಕೇಳಿದೆ.

"ಓದ ಬೇಸಗೇಲಿ ಕೆರೆ ಏರಿ ಮೇಲೆ ತಲೆನೋವು ಅಂತ ಗಾಡಿ ನಿಲ್ಸಿದ್ದ ತಂಬಿ. ನೀರು ಕುಡ್ದ, ಟವಲ್ ಕಟ್ಕೊಂಡ, ಓಡ್ಸ್ದ. ಮಾರ್ನೇ ದಿನ ಸ್ಟಾಪಲ್ಲಿ ಎಡಗಡೆ ಇಟ್ಟಿದ್ದ ಆಲಿನ ಕ್ಯಾನ್ ಉರುಳಿಸ್ಬುಟ್ಟ. ನಾನು ನೋಡ್ಕೊಂಡೆ. ಅವತ್ತಿಂದ ನಾನು ಮುಂದಿನ ಬಾಗ್ಲಿಗೆ ಬಂದೆ."

"ಅಣ್ಣಂಗೆ ಗೊತ್ತಾ?"

"ಇಲ್ಲ ಪಾ. ನಾನು ಏಳ್ಲಿಲ್ಲ. ಏಳುದ್ರೆ ಎದರ್ಕೊತಾನೆ. ಎದರ್ಕೊಂಡೋನು ಗಾಡಿ ಓಡ್ಸಕ್ಕಾಗಲ್ಲ."

ನನಗೆ ಸಿಟ್ಟು ನೆತ್ತಿಗೇರಿತು. ಬಸ್ ತುಂಬಾ ಜನ ಇರುತ್ತಾರೆ, ನಿಮಗೆ ತಲೆ ನೆಟ್ಟಗಿದೆಯಾ ಎಂದು ರಸ್ತೆಯಲ್ಲೇ ಕೂಗಾಡಿದೆ. ಮಾಮ ಟೀ ಗ್ಲಾಸನ್ನು ಕೆಳಗಿಟ್ಟು, ಚಿಕ್ಕ ಮಗುವಿಗೆ ತಿಳಿಹೇಳುವಂತೆ ಹೇಳಿದರು. ಗಣಿಯಲ್ಲಿ ಅವರ ಕೆಲಸ ಶಾಫ್ಟ್ ಎಂಬ ಆಳದ ಬಾವಿಯ ಬಾಯಲ್ಲಿ ನಿಂತು ಬೆಲ್ ಕೊಡುವುದಾಗಿತ್ತು. ಜನರನ್ನು ಭೂಮಿಯೊಳಗೆ ಇಳಿಸಿ ಎತ್ತುವ ಪಂಜರಕ್ಕೆ ಅವರು ಕೇಜು ಎನ್ನುತ್ತಿದ್ದರು.

"ಕೇಜ್ ಎತ್ತೋ ಇಂಜಿನ್ ಡ್ರೈವರ್‌ಗೆ ಕೇಜ್ ಕಾಣ್ತದಾ ತಂಬಿ? ಕಾಣಲ್ಲ. ಅವ್ನು ಬೇರೆ ಮನೇಲಿ ಕುಂತಿರ್ತಾನೆ, ಕೇಜ್ ಭೂಮಿ ಒಳಗೆ ಎಲ್ಲೋ ಇರ್ತದೆ. ನಾನು ಬೆಲ್ ಕೊಟ್ರೆ ಎತ್ತುತ್ತಾನೆ, ಬೆಲ್ ಕೊಟ್ರೆ ನಿಲ್ಸ್ತಾನೆ. ಕೇಜ್ ತುಂಬಾ ಜನ. ನನ್ ಸರ್ವೀಸ್‌ನಲ್ಲಿ ಒಬ್ಬನ್ಗೂ ಒಂದು ಗಾಯ ಆಗ್ಲಿಲ್ಲ. ಕಾಣ್ದೆ ಓಡ್ಸೋದು ಏನು ತಪ್ಪು?"

ಅವರ ಮುಖದಲ್ಲಿ ಕಪಟವಿರಲಿಲ್ಲ. ಬದುಕೆಲ್ಲ ಹಾಗೇ ಕೆಲಸ ಮಾಡಿದ ಮನುಷ್ಯ. ಓಡಿಸುವವನಿಗೆ ಕಾಣಲೇಬೇಕು ಎಂಬ ನಿಯಮ ಅವರ ಲೋಕದಲ್ಲಿ ಇರಲೇ ಇಲ್ಲ.

"ಕೇಜಿಗೆ ಯಾರೂ ಅಡ್ಡ ಬರಲ್ಲ ಮಾಮ," ಎಂದೆ.

ಅಷ್ಟರಲ್ಲಿ ಟೈರು ಹಾಕಿ ಮುಗಿದಿತ್ತು. ಅಣ್ಣ ಇಳಿದು ಬಂದು ಹಾರನ್ ಒತ್ತಿ ಜನರನ್ನು ಕರೆದ. ಬಸ್ಸು ತುಂಬಿತು. ಅಲ್ಲಿ, ಅಷ್ಟು ಜನರ ಮುಂದೆ, ಅವನನ್ನು ಸೀಟಿನಿಂದ ಇಳಿ ಎನ್ನುವ ಧೈರ್ಯ ನನಗೆ ಬರಲಿಲ್ಲ. ಸೆಂಟರಿಗೆ ಬೀಗ ಹಾಕಿ ನಾನೂ ಹತ್ತಿ, ಅವನ ಸೀಟಿನ ಹಿಂದಿನ ಕಂಬಿ ಹಿಡಿದು ನಿಂತೆ. ಬಂಗಾರಪೇಟೆಯವರೆಗೆ ಎಡಗಡೆಯನ್ನೇ ನೋಡಿದೆ. ಹುಟ್ಟಿದಾಗಿನಿಂದ ಓಡಾಡಿದ ರಸ್ತೆ ಅದು. ಅದರ ಎಡಗಡೆಯಲ್ಲಿ ಇಷ್ಟೊಂದು ಜೀವಗಳಿವೆ ಎಂದು ನನಗೆ ಗೊತ್ತಿರಲಿಲ್ಲ. ಸೈಕಲ್ ಮೇಲೆ ಟಿಫಿನ್ ಡಬ್ಬಿ ನೇತುಹಾಕಿಕೊಂಡ ಫ್ಯಾಕ್ಟರಿಯವರು, ಕೈ ಕೈ ಹಿಡಿದ ಸ್ಕೂಲ್ ಮಕ್ಕಳು, ಹಗ್ಗ ಬಿಚ್ಚಿಕೊಂಡ ಕರು. ಹುಲ್ಲಿನ ಹೊರೆ ಹೊತ್ತ ಹೆಂಗಸೊಬ್ಬಳು ರಸ್ತೆಗೆ ಕಾಲಿಟ್ಟಾಗ ಮಾಮನ ಕೈ ತಗಡಿನ ಮೇಲೆ ಬಿಡದೆ ಬಡಿಯಿತು. ಅಣ್ಣ ಸರಾಗವಾಗಿ ಬಲಕ್ಕೆ ತೆಗೆದುಕೊಂಡ. ಹೊರೆ ಎಡಗಡೆಯ ಕಿಟಕಿಗಳನ್ನು ಸವರಿ ಹೋಯಿತು. ಅಣ್ಣ ಯಾವುದೋ ಹಾಡು ಗುನುಗುತ್ತಿದ್ದ.

ಮನೆಗೆ ಬಂದ ಮೇಲೆ ಹೇಳಿದೆ. ಅಣ್ಣ ನಂಬಲಿಲ್ಲ. ಫ್ಲಾಪಿಯಲ್ಲಿ ತೋರಿಸಿದ್ದು ನನ್ನ ಕಿಡಿಗೇಡಿತನ ಎಂದ. ಆಗ ಅತ್ತಿಗೆಯೇ ಅವನ ಎಡಗಡೆಗೆ ಹೋಗಿ ನಿಂತು, ಸದ್ದು ಮಾಡದೆ ಕೈ ಮುಂದೆ ಚಾಚಿದರು. ಅಣ್ಣ ನನ್ನನ್ನು ಬೈಯುತ್ತಲೇ ಇದ್ದ. ಅತ್ತಿಗೆ ಕೈ ಅಲ್ಲಾಡಿಸಿದರು. ಅವನು ಬೈಯುತ್ತಲೇ ಇದ್ದ. ಅತ್ತಿಗೆ ಸೆರಗು ಬಾಯಿಗೆ ಒತ್ತಿಕೊಂಡು ಒಳಗೆ ಹೋದರು. ಅವರು ಅಲ್ಲಿದ್ದದ್ದೂ ಹೋದದ್ದೂ ಅವನಿಗೆ ಗೊತ್ತಾಗಲಿಲ್ಲ.

ಕೋಲಾರದ ಡಾಕ್ಟರು ಕಣ್ಣು ನೋಡಿ ಎರಡೂ ಚೆನ್ನಾಗಿವೆ ಎಂದರು. ಆಮೇಲೆ ತಲೆನೋವಿನ ವಿಷಯ ಕೇಳಿದರು. ತಲೆಯೊಳಗಿನ ಒಂದು ಸಣ್ಣ ರಕ್ತನಾಳ ಮುಚ್ಚಿಹೋಗಿ, ಕಂಡದ್ದನ್ನು ಓದಿಕೊಳ್ಳುವ ಜಾಗದಲ್ಲಿ ಒಂದು ಭಾಗ ಸತ್ತಿದೆ, ಎರಡೂ ಕಣ್ಣಿಗೂ ಎಡಗಡೆಯ ಅರ್ಧ ಇಲ್ಲ ಎಂದು ವಿವರಿಸಿದರು. ಕತ್ತಲೆಯಾಗಿ ಕಾಣುವುದಿಲ್ಲವಂತೆ, ಏನೂ ಕಾಣುವುದಿಲ್ಲವಂತೆ, ಆದ್ದರಿಂದಲೇ ಇವರಿಗೆ ತಿಳಿದಿಲ್ಲ ಎಂದರು.

"ಇದನ್ನ ಸರಿಮಾಡಾಕಾಯ್ತದಾ ಸಾರ್?" ಎಂದು ಅಣ್ಣ ಕೇಳಿದ.

ಆಗುವುದಿಲ್ಲ ಎಂದರು. ಬಸ್ಸು ಓಡಿಸುವ ಮಾತೇ ಇಲ್ಲ ಎಂದರು.

ಹೊರಗೆ ಬಂದು ಅಣ್ಣ ಬೇವಿನ ಮರದ ಕೆಳಗೆ ಕೂತ. ನಾನು ಎಡಗಡೆ ಕೂತಿದ್ದೆ. ಅದು ನೆನಪಾಗಿ ಎದ್ದು ಬಲಗಡೆಗೆ ಬಂದೆ.

"ಮಾಮ ಇದ್ದಾರಲ್ಲ. ನಾನ್ ಓಡಿಸ್ತೀನಿ," ಎಂದ.

"ಮಾಮಂಗೆ ಒಂದಿನ ಜ್ವರ ಬಂದ್ರೆ? ಕೆಮ್ಮು ಬಂದು ಅತ್ತ ತಿರುಗಿದ್ರೆ?"

"ಇಷ್ಟು ದಿನ ಒಂದು ಕೋಳೀನಾದ್ರೂ ಸತ್ತೈತಾ ನನ್ ಚಕ್ರದ ಕೆಳ್ಗೆ? ಹೇಳ್ಲಾ!"

ಸತ್ತಿರಲಿಲ್ಲ, ನಿಜ. ಮರುದಿನ ಬೆಳಿಗ್ಗೆ ಅವನು ಖಾಕಿ ಹಾಕಿಕೊಂಡು ಹೊರಟ. ಅತ್ತಿಗೆ ಬಾಗಿಲಿಗೆ ಅಡ್ಡ ನಿಂತರು, ಅವರನ್ನು ಸರಿಸಿ ಹೋದ. ನಾನು ಅವನಿಗಿಂತ ಮೊದಲೇ ಸೈಕಲ್ ಹತ್ತಿ ಬಸ್ ಓನರ್ ಮನೆಗೆ ಹೋಗಿ ಎಲ್ಲವನ್ನೂ ಹೇಳಿದೆ. ಅಣ್ಣ ಬರುವ ಹೊತ್ತಿಗೆ ಬಸ್ಸಿನ ಬೀಗದಕೈ ಇನ್ನೊಬ್ಬನ ಕೈಯಲ್ಲಿತ್ತು. ಅಣ್ಣ ನನ್ನನ್ನು ನೋಡಿದ, ಬಂದ ದಾರಿಯಲ್ಲೇ ಹಿಂದಿರುಗಿ ನಡೆದ. ನಾನು ಮಾಡಿದ್ದು ಸರಿ ಎಂಬುದರಲ್ಲಿ ನನಗೆ ಆವತ್ತೂ ಅನುಮಾನವಿರಲಿಲ್ಲ, ಇವತ್ತೂ ಇಲ್ಲ. ಅದರಿಂದ ಎದೆಯ ಭಾರವೇನೂ ಇಳಿದಿಲ್ಲ.

ಹೊಸ ಡ್ರೈವರ್ ತನ್ನದೇ ಕ್ಲೀನರನ್ನು ಕರೆದುಕೊಂಡು ಬಂದ. ಮಾಮ ಮನೆಗೆ ಹೋದರು. ಒಮ್ಮೆ ಮಾರ್ಕೆಟ್ಟಿನಲ್ಲಿ ಸಿಕ್ಕಾಗ, "ನೀನು ಕೇಜ್‌ನ ನಡುದಾರೀಲಿ ನಿಲ್ಸ್ಬುಟ್ಟೆ ತಂಬಿ," ಎಂದಷ್ಟೇ ಹೇಳಿ ಮುಂದಕ್ಕೆ ನಡೆದರು.

ಅಣ್ಣ ಎರಡು ಹಸು ಕಟ್ಟಿದ. ಬೆಳಿಗ್ಗೆ ಸಂಜೆ ಡೈರಿಗೆ ಹಾಲು ಹಾಕುವುದು, ಉಳಿದ ಹೊತ್ತು ಜಗಲಿ. ತನಗೆ ಅರ್ಧ ಲೋಕ ಕಾಣುತ್ತಿಲ್ಲ ಎಂದು ತಿಳಿದ ದಿನದಿಂದ ಅವನು ನಡೆಯುವ ರೀತಿಯೇ ಬದಲಾಯಿತು. ಅದಕ್ಕೆ ಮೊದಲು ಬೀದಿಯಲ್ಲಿ ನೆಟ್ಟಗೆ, ಕೈ ಬೀಸಿಕೊಂಡು ಹೋಗುತ್ತಿದ್ದವನು ಈಗ ಎಡಗೈಯನ್ನು ಗೋಡೆಗೆ ಆನಿಸಿಕೊಂಡು, ಮೂರು ಹೆಜ್ಜೆಗೊಮ್ಮೆ ತಲೆ ತಿರುಗಿಸಿ ನೋಡುತ್ತ ಹೋಗುವನು. ಅಲ್ಲಿ ಏನೂ ಇರುತ್ತಿರಲಿಲ್ಲ. ಅವನು ನೋಡುವುದನ್ನು ನಿಲ್ಲಿಸುತ್ತಿರಲಿಲ್ಲ. ಊಟದ ತಟ್ಟೆಯಲ್ಲಿ ಎಡಗಡೆಯ ಪಲ್ಯ ಹಾಗೇ ಉಳಿಯುತ್ತಿತ್ತು. ಅತ್ತಿಗೆ ತಟ್ಟೆ ತಿರುಗಿಸಿ ಇಡುವರು. ಊರಿನವರು ಮಾತ್ರ ಈಗಲೂ ಡ್ರೈವರ್ ಎಂದೇ ಕರೆಯುತ್ತಿದ್ದರು. ಹಾಗೆ ಕರೆದಾಗ ಅವನು ಓಗೊಡುತ್ತಿರಲಿಲ್ಲ.

ನನ್ನ ಜೊತೆ ಮಾತು ನಿಂತಿತ್ತು. ಎಷ್ಟೋ ತಿಂಗಳ ಮೇಲೆ ಒಂದು ಮಧ್ಯಾಹ್ನ ಅವನು ಒಬ್ಬನೇ ಸೆಂಟರಿಗೆ ಬಂದ. ಬಸ್ಸಿನಲ್ಲಿ ಪ್ಯಾಸೆಂಜರ್ ಆಗಿ ಬಂದಿದ್ದ. ಹುಡುಗರು ದಾರಿ ಬಿಟ್ಟರು, ಈ ಸಲ ಯಾರೂ ನಗಲಿಲ್ಲ.

"ಆ ಆಟ ಇನ್ನೂ ಐತಾ?" ಎಂದು ಕೇಳಿದ.

"ಐತೆ ಅಣ್ಣ."

"ಬ್ಯಾರೆ ಗಾಡಿಗಳ್ನ ತಗದಾಕಾಕಾಯ್ತದಾ? ನಂದೊಂದೇ ಇರಂಗೆ. ರೋಡು ಖಾಲಿ ಇರ್ಬೇಕು."

ಆಗುತ್ತದೆ ಎಂದೆ. ಎದುರಾಳಿಗಳು ಎಷ್ಟು ಜನ ಎಂಬ ಅಂಕಿ ಎಲ್ಲಿದೆ ಎಂದು ನನಗೆ ಗೊತ್ತಿತ್ತು. ಬೇಡದ ಹುಡುಕಾಟದಲ್ಲಿ ಸಿಕ್ಕ ವಿದ್ಯೆ. ಅಲ್ಲಿ ಸೊನ್ನೆ ಬರೆದೆ, ಮೊತ್ತ ತಿದ್ದಿದೆ. ಆಟ ತೆರೆಯಿತು, ರೇಸ್ ಶುರುವಾಗುವ ಹೊತ್ತಿಗೆ ಕಲ್ಲಿನಂತೆ ನಿಂತುಬಿಟ್ಟಿತು. ಎದುರಾಳಿಯೇ ಇಲ್ಲದ ರೇಸನ್ನು ಅದಕ್ಕೆ ಓಡಿಸಲು ಬರುತ್ತಿರಲಿಲ್ಲ. ಅಣ್ಣ ಪಕ್ಕದಲ್ಲಿ ಕೈ ಕಟ್ಟಿಕೊಂಡು ಕಾಯುತ್ತಿದ್ದ. ಸೊನ್ನೆಯನ್ನು ಒಂದು ಮಾಡಿ, ಆ ಒಂದು ಕಾರಿನ ಪೆಟ್ರೋಲ್ ತೆಗೆದುಹಾಕಿದೆ. ಮೊತ್ತವನ್ನು ಎರಡು ಸಲ ಕೂಡಿದೆ, ತಪ್ಪಾಗಬಾರದು ಎಂದು. ಈ ಸಲ ಆಟ ಒಪ್ಪಿತು. ಎದುರಾಳಿ ಹೊರಡುವ ಗೆರೆಯಲ್ಲೇ ನಿಂತ. ಮುಂದೆ ರಸ್ತೆ ಬೋಳು.

ಅಣ್ಣ ಕೂತು ಓಡಿಸಿದ. ಮೊದಲ ನೇರದಾರಿಯಲ್ಲಿ ವೇಗ ಏರಿತು. ಅವನ ಭುಜ ಸ್ವಲ್ಪ ಸಡಿಲವಾಯಿತು. ತಿರುವು ಬಂತು. ಅವನು ವೇಗ ಇಳಿಸಿ, ತಲೆಯನ್ನು ಎಡಕ್ಕೆ ತಿರುಗಿಸಿ ಪರದೆಯ ಅಂಚನ್ನು ನೋಡಿದ. ಇನ್ನೊಂದು ತಿರುವು, ಮತ್ತೆ ಹಾಗೇ ನೋಡಿದ. ಆಮೇಲೆ ನೇರವಾದ ದಾರಿಯಲ್ಲೂ ನೋಡತೊಡಗಿದ. ಕಾರು ಎತ್ತಿನಗಾಡಿಯ ವೇಗಕ್ಕೆ ಇಳಿಯಿತು.

"ನಿಜವಾಗ್ಲೂ ಯಾರೂ ಇಲ್ವೇನ್ಲಾ?" ಎಂದು ಕೇಳಿದ. "ಇಲ್ಲಾಂದ್ರೆ ನಂಗೇ ಕಾಣಿಸ್ತಿಲ್ವಾ?"

"ಯಾರೂ ಇಲ್ಲಣ್ಣ. ನಾನೇ ತೆಗೆದಿದ್ದೀನಿ. ಧೈರ್ಯವಾಗಿ ಓಡ್ಸು."

ಅವನು ನಂಬಲಿಲ್ಲ. ಬ್ರೇಕಿನ ಕೀಲಿಯ ಮೇಲಿಂದ ಬೆರಳು ತೆಗೆಯದೆ, ಆ ಖಾಲಿ ರಸ್ತೆಯ ಅಂಚಿನಲ್ಲೇ, ಉಳಿದ ಸುತ್ತನ್ನೆಲ್ಲ ಓಡಿಸಿ ಮುಗಿಸಿದ.